ಬೋಗುಣಿಯಲ್ಲಿ ಕಂಡ ಮುಷ್ಟಿ

ಶೂಟಿಂಗಿನ ಮೊದಲ ದಿನ ನಿರ್ದೇಶಕಿ ನಮ್ಮನ್ನೆಲ್ಲ ಅಕ್ಕನ ಮನೆಯ ಅಂಗಳದಲ್ಲಿ ನಿಲ್ಲಿಸಿ, ಬಲಗೈ ಎತ್ತಿ, ಮುಷ್ಟಿ ಮುಚ್ಚಿ ತೋರಿಸಿದರು. "ನನ್ನ ಮುಷ್ಟಿ ಮುಚ್ಚಿತು ಎಂದರೆ ಕ್ಯಾಮೆರಾ ಮುಚ್ಚಿತು. ಆಮೇಲೆ ನೀವು ಅಳಿ, ಬೈಯಿರಿ, ಮೂಗು ಒರೆಸಿಕೊಳ್ಳಿ, ಅದು ಯಾವುದೂ ನನ್ನದಲ್ಲ," ಎಂದರು. ಅವರು ಹೇಳಿದ್ದು ಇಂಗ್ಲಿಷಿನಲ್ಲಿ. ನಾನು ಕೆಲಸದವರಿಗೆ ತೆಲುಗಿನಲ್ಲಿ ಹೇಳಿದೆ, ಅಕ್ಕನಿಗಾಗಿ ಕನ್ನಡದಲ್ಲಿ ಇನ್ನೊಮ್ಮೆ ಹೇಳಿದೆ. ಆ ಒಂದು ಸುಳ್ಳು ಮೂರು ಭಾಷೆಗಳಲ್ಲಿ ಹೊರಬಿತ್ತು, ಎರಡರಲ್ಲಿ ನನ್ನ ಬಾಯಿಂದಲೇ.

ನಿರ್ದೇಶಕಿ ಸ್ಕ್ಯಾಂಡಿನೇವಿಯಾದವರು. ಅಲ್ಲಿಯ ಯಾವ ದೇಶ ಎಂದು ಬರೆದರೆ ಗುರುತು ಹಿಡಿಯುವುದು ಸುಲಭ, ಆದ್ದರಿಂದ ಬಿಡುತ್ತೇನೆ. ಹದಿಹರೆಯದಲ್ಲಿ ನಟಿಯಾಗಿ, ಆ ಕಡೆಯ ಮನೆಮನೆಗೂ ಗೊತ್ತಾಗಿ, ಕೂದಲು ಬೆಳ್ಳಗಾಗುವ ಹೊತ್ತಿಗೆ ನಟನೆ ಬಿಟ್ಟು ನಿರ್ದೇಶನಕ್ಕೆ ಇಳಿದವರು. ಅವರ ಹೊಸ ಚಿತ್ರದ ಕಥೆ ಇಷ್ಟು: ಹಡಗಿನ ಕೆಲಸಕ್ಕೆ ಬಂದ ಗಂಡ ವಿಶಾಖಪಟ್ಟಣದ ಬಂದರಿನಲ್ಲಿ ತೀರಿಹೋಗಿದ್ದಾನೆ, ವರ್ಷಗಳ ನಂತರ ಹೆಂಡತಿ ಆ ಊರು ನೋಡಲು ಬಂದು ಒಬ್ಬ ಗೃಹಿಣಿಯ ಮನೆಯಲ್ಲಿ ಬಾಡಿಗೆಗೆ ಇರುತ್ತಾಳೆ. ವಿಧವೆಯ ಪಾತ್ರಕ್ಕೆ ತಮ್ಮ ದೇಶದ ನಟಿಯನ್ನೇ ಕರೆತಂದಿದ್ದರು. ಮನೆಯೊಡತಿಯ ಪಾತ್ರಕ್ಕೆ ಈ ಊರಿನವರೇ ಬೇಕಿತ್ತು.

ನಾನು ನೌಕಾಪಡೆಯವನ ಹೆಂಡತಿ, ಗದಗಿನವಳು. ವೈಜಾಗಿನಲ್ಲಿ ಮನೆಯಲ್ಲೇ ಕೂತು ಸಬ್‌ಟೈಟಲ್ ಬರೆಯುವ ಕೆಲಸ ಮಾಡಿಕೊಂಡಿದ್ದೆ. ಈ ಚಿತ್ರಕ್ಕೆ ನನ್ನನ್ನು ದುಭಾಷಿ ಎಂದು ತೆಗೆದುಕೊಂಡರು, ಕೆಲಸ ಶುರುವಾದ ಮೇಲೆ ಕಂಟಿನ್ಯೂಟಿ ಬರೆಯುವುದೂ ನನ್ನ ಕೊರಳಿಗೇ ಬಿತ್ತು. ಯಾವ ಟೇಕಿನಲ್ಲಿ ಸೆರಗು ಯಾವ ಹೆಗಲ ಮೇಲಿತ್ತು, ತವೆಯ ಮೇಲೆ ರೊಟ್ಟಿ ಎಷ್ಟು ಬೆಂದಿತ್ತು ಎಂದು ಬರೆದಿಡುವ ಕೆಲಸ. ನನಗೆ ಅದು ಇಷ್ಟವಾಯಿತು. ಗಂಡ ಸಮುದ್ರದ ಮೇಲಿದ್ದಾಗ ಮನೆಯಲ್ಲಿ ಅಷ್ಟು ಸೂಕ್ಷ್ಮವಾಗಿ ನೋಡಲು ನನಗೆ ಏನೂ ಇರಲಿಲ್ಲ.

ನಿರ್ದೇಶಕಿ ತೆಲುಗು ರಂಗಭೂಮಿಯ ಎಷ್ಟೋ ಹೆಂಗಸರನ್ನು ನೋಡಿದರು. ಯಾರೂ ಹಿಡಿಸಲಿಲ್ಲ. ಹೋಟೆಲ್ ಊಟ ಸಾಕಾಗಿದೆ ಎಂದಾಗ ನಾನೇ ಅವರನ್ನು ಅಕ್ಕನ ಮನೆಗೆ ಊಟಕ್ಕೆ ಕರೆದೊಯ್ದೆ. ಅಕ್ಕ ಎಂದರೆ ಒಡಹುಟ್ಟಿದವರಲ್ಲ. ಬಾಗಲಕೋಟೆ ಕಡೆಯವರು, ಗಂಡ ಸರ್ಕಾರಿ ಕಾರ್ಖಾನೆಯಲ್ಲಿ ಕ್ರೇನ್ ನಡೆಸುತ್ತಾರೆ, ಟೌನ್‌ಶಿಪ್ಪಿನ ಕ್ವಾರ್ಟರ್ಸಿನಲ್ಲಿ ಮನೆ. ನಾನು ಈ ಊರಿಗೆ ಹೊಸದಾಗಿ ಬಂದು ಬಿಕ್ಕುತ್ತಿದ್ದಾಗ ಜೋಳದ ರೊಟ್ಟಿ, ಪುಂಡಿಪಲ್ಯ ಬಡಿಸಿ ನನ್ನನ್ನು ತಂಗಿ ಎಂದವರು. ಅಂದು ಅವರು ಅಡುಗೆಮನೆಯಲ್ಲಿ ಕೂತು ರೊಟ್ಟಿ ಬಡಿಯುತ್ತಿದ್ದರೆ ನಿರ್ದೇಶಕಿ ಬಾಗಿಲಲ್ಲಿ ನಿಂತವರು ಊಟಕ್ಕೂ ಬರಲಿಲ್ಲ. ಕೊನೆಗೆ ನನ್ನ ಕೈ ಹಿಡಿದು, "ಈಕೆಯೇ. ಈಕೆ ತನ್ನ ಭಾಷೆಯಲ್ಲೇ ಮಾತಾಡಲಿ. ಮನೆಯೊಡತಿಯೂ ಈ ಊರಿಗೆ ಹೊರಗಿನವಳೇ ಆಗಿರಲಿ," ಎಂದರು.

ಅಕ್ಕ ಒಪ್ಪಲಿಲ್ಲ.

"ಸಿನಿಮಾ ಅಂದ್ರ ನನಗ ಬ್ಯಾಡ ತಂಗಿ. ನಾ ಥೇಟರಿಗೆ ಹೋಗೂದ ಬಿಟ್ಟು ಭಾಳ ವರ್ಷ ಆತು."

"ಯಾಕ ಅಕ್ಕಾರ?"

"ಯಾಕಂದ್ರ ಏನ್ ಹೇಳ್ಲಿ. ಬಿಟ್ಟೀನಿ, ಅಷ್ಟ."

ಇದನ್ನು ನಾನು ಇಂಗ್ಲಿಷಿನಲ್ಲಿ ಹೇಳಿದೆ. ನಿರ್ದೇಶಕಿ ಅಲ್ಲೇ ಅಡುಗೆಮನೆಯ ನೆಲದ ಮೇಲೆ ಕೂತುಬಿಟ್ಟರು. ತಮ್ಮ ಕಥೆ ಹೇಳತೊಡಗಿದರು, ನಾನು ಒಂದೊಂದೇ ವಾಕ್ಯವನ್ನು ಕನ್ನಡಕ್ಕೆ ತಂದೆ.

ಅವರ ಮೊದಲ ಚಿತ್ರದ ಶೂಟಿಂಗ್ ನಡೆದಾಗ ಅವರಿಗಿನ್ನೂ ಇಪ್ಪತ್ತು ತುಂಬಿರಲಿಲ್ಲ. ಒಂದು ಟೇಕ್ ಮುಗಿದು "ಕಟ್" ಎಂದ ಮೇಲೆ, ಊರಿನಿಂದ ಬಂದ ಸುದ್ದಿಯನ್ನು ಆ ಚಿತ್ರದ ನಿರ್ದೇಶಕ ಅಲ್ಲೇ ಅವರ ಕಿವಿಯಲ್ಲಿ ಹೇಳಿದ. ಅಪ್ಪ ಹೋಗಿಬಿಟ್ಟಿದ್ದರು. ಹುಡುಗಿ ಕುಸಿದು ಕೂತು ಅತ್ತಳು. ಕ್ಯಾಮೆರಾ ನಿಂತಿರಲಿಲ್ಲ. ಆ ಅಳು ಚಿತ್ರದೊಳಗೆ ಹೋಯಿತು, ಆ ಅಳುವಿನಿಂದಲೇ ಅವರು ದೊಡ್ಡ ನಟಿ ಎನಿಸಿಕೊಂಡರು. ಆಮೇಲೆ ಎಷ್ಟೇ ಚಿತ್ರ ಮಾಡಿದರೂ, ಎಂಥ ಪಾತ್ರ ಮಾಡಿದರೂ, ಸನ್ಮಾನ ಎಂದರೆ ಪರದೆಯ ಮೇಲೆ ಮೊದಲು ಅದೇ ತುಣುಕು. ಅದು ಶುರುವಾದ ತಕ್ಷಣ ತಾವು ಎದ್ದು ಹೊರಗೆ ಪಡಸಾಲೆಯಲ್ಲಿ ನಿಲ್ಲುತ್ತಿದ್ದುದಾಗಿ ಹೇಳಿದರು. ಹೆಂಡತಿಯ ಪಾತ್ರ, ತಾಯಿಯ ಪಾತ್ರ, ಕೊನೆಗೆ ಕಿಟಕಿಯ ಹತ್ತಿರ ಕೂತ ಮುದುಕಿಯ ಪಾತ್ರ ಎಂದು ಬೇಡಿಕೆ ಇಳಿಯುತ್ತ ಬಂದಾಗ, ಇನ್ನು ಕ್ಯಾಮೆರಾದ ಹಿಂದೆ ನಿಲ್ಲುತ್ತೇನೆ ಎಂದು ತೀರ್ಮಾನ ಮಾಡಿದರಂತೆ. "ಕದ್ದ ಶಾಟು ಇಲ್ಲದ ಚಿತ್ರ ಮಾಡಬೇಕು ಎಂದೇ ನಾನು ನಿರ್ದೇಶಕಿಯಾದೆ. ಕ್ಯಾಮೆರಾ ನಿಂತಿತು ಎನ್ನಲು ನಾನು ಎತ್ತುವ ಈ ಮುಷ್ಟಿ ಅದಕ್ಕಾಗಿ," ಎಂದರು.

ಅಕ್ಕನ ಕಣ್ಣು ಒದ್ದೆಯಾಗಿತ್ತು. "ಪಾಪ, ಅಪ್ಪ ಸತ್ತ ಸುದ್ದಿ ಹಂಗ ಹೇಳ್ತಾರೇನ," ಎಂದು ಸೆರಗಿನಿಂದ ಮುಖ ಒರೆಸಿಕೊಂಡರು. ಸ್ವಲ್ಪ ಹೊತ್ತಿನ ಮೇಲೆ, "ನಮ್ಮವರನ್ನ ಒಂದು ಮಾತು ಕೇಳಿ ಹೇಳ್ತೀನಿ," ಎಂದರು. ಮರುದಿನ ಒಪ್ಪಿದರು.

ಕೆಲಸ ಅಂದುಕೊಂಡದ್ದಕ್ಕಿಂತ ಕಷ್ಟವಾಯಿತು. ನಿರ್ದೇಶಕಿ "ಆ್ಯಕ್ಷನ್" ಎನ್ನುತ್ತಿರಲಿಲ್ಲ, ಉಸಿರೊಂದನ್ನು ಜೋರಾಗಿ ಎಳೆದುಕೊಳ್ಳುತ್ತಿದ್ದರು, ಅದೇ ಸೂಚನೆ. ಅದು ಅಕ್ಕನಿಗೆ ಒಗ್ಗಿತು, ಕ್ಲ್ಯಾಪ್ ಬೋರ್ಡ್ ಮಾತ್ರ ಒಗ್ಗಲಿಲ್ಲ, ಅದು ಬಡಿದಾಗಲೆಲ್ಲ ಬೆಚ್ಚುತ್ತಿದ್ದರು. ಕೊನೆಗೆ ಅದನ್ನು ಟೇಕಿನ ಕೊನೆಗೆ, ತಲೆಕೆಳಗು ಹಿಡಿದು ಬಡಿಯುವುದು ಎಂದಾಯಿತು. ಇನ್ನು ಶಬ್ದದ ಗೋಳು. ನೌಕಾಪಡೆಯ ಹೆಲಿಕಾಪ್ಟರ್ ಬಂದರೆ ಟೇಕ್ ಹಾಳು, ಗುಜರಿಯವನು ಕೂಗಿದರೆ ಟೇಕ್ ಹಾಳು. ಇವೆಲ್ಲದಕ್ಕಿಂತ ಹೆಚ್ಚು ಕಾಟ ಕೊಟ್ಟದ್ದು ಪಕ್ಕದ ಮನೆಯ ಕುಕ್ಕರ್. ಕ್ವಾರ್ಟರ್ಸಿನಲ್ಲಿ ಎರಡು ಅಡುಗೆಮನೆಗಳಿಗೆ ಒಂದೇ ಗೋಡೆ.

ಪಕ್ಕದ ಮನೆಯಾಕೆ ತೆಲುಗಿನವರು. ಗಂಡ ಅಕ್ಕನ ಗಂಡನ ಜೊತೆಯೇ ಕೆಲಸಕ್ಕಿದ್ದವರು, ಬಹಳ ಹಿಂದೆ ಡ್ಯೂಟಿಗೆ ಹೊರಟಾಗ ಹೆದ್ದಾರಿಯಲ್ಲಿ ಲಾರಿ ಬಡಿದು ತೀರಿಕೊಂಡರು. ಅನುಕಂಪದ ನೌಕರಿ ಈಕೆಗೆ ಸಿಕ್ಕು ಅದೇ ಕ್ವಾರ್ಟರ್ಸಿನಲ್ಲಿ ಉಳಿದಿದ್ದರು. ಅಕ್ಕನನ್ನು ವದಿನ ಎಂದು ಕರೆಯುತ್ತಿದ್ದರು, ನಮ್ಮ ಕಡೆಯ ವೈನಿ ಇದ್ದ ಹಾಗೆ. ದಿನವೂ ಸಂಜೆ ಸ್ಟೀಲಿನ ಬೋಗುಣಿಯಲ್ಲಿ ಮೊಸರು ತಂದುಕೊಡುವರು. ಅಕ್ಕ ಮೊಸರನ್ನು ಬೇರೆ ಪಾತ್ರೆಗೆ ಸುರಿದು, ಬೋಗುಣಿ ತೊಳೆದು, ಅದರಲ್ಲಿ ಅನಕಾಪಲ್ಲಿಯ ಬೆಲ್ಲದ ಒಂದು ಹೆಂಟೆ ಹಾಕಿ ಹಿಂತಿರುಗಿಸುವರು. ಬೆಲ್ಲ ಇಲ್ಲದಿದ್ದರೆ ನಾಲ್ಕು ಕಾಳು ಸಕ್ಕರೆ. ಖಾಲಿ ಪಾತ್ರೆಯನ್ನು ಹಿಂತಿರುಗಿಸುವುದು ಎರಡೂ ಕಡೆಯವರ ಪದ್ಧತಿಯಲ್ಲಿ ಇಲ್ಲ.

ಶೂಟಿಂಗ್ ನಡೆಯುವಷ್ಟು ದಿನ ಕುಕ್ಕರ್ ಇಡಬೇಡಿ ಎಂದು ನಾನೇ ಹೋಗಿ ಕೇಳಿಕೊಂಡೆ. ಆಕೆ ನಕ್ಕು ಒಪ್ಪಿದರು. ರಜೆ ಇದ್ದ ದಿನ ಬಾಗಿಲಲ್ಲಿ ಕೂತು ನೋಡುತ್ತಿದ್ದರು. ಒಮ್ಮೆ ನಿರ್ದೇಶಕಿ ಸೊಂಟ ಬಗ್ಗಿಸಿ ತವೆಯನ್ನು ಇಣುಕಿದಾಗ ಅಕ್ಕ ನನಗೆ, "ಈಕಿ ಇಷ್ಟುದ್ದ ಅದಾಳ, ಬಗ್ಗಿದ್ರ ಮತ್ತ ನೆಟ್ಟಗಾಗಾಕ ಒಂದು ದಿನಾ ಬೇಕು," ಎಂದರು. ಬಾಗಿಲಲ್ಲಿದ್ದಾಕೆಗೂ ನಗು ಬಂತು. ಅಕ್ಕನ ಮುಖ ನೋಡಿ ನಕ್ಕರು ಎಂದುಕೊಂಡೆ.

ಇದನ್ನು ವಿವರಿಸಬೇಕು, ಏಕೆಂದರೆ ಮುಂದಿನದೆಲ್ಲ ಇದರ ಮೇಲೆಯೇ ನಿಂತಿದೆ. ಪರ ಊರಿನಲ್ಲಿರುವ ಕನ್ನಡದವರಿಗೆ ಕನ್ನಡ ಎಂದರೆ ಬಾಗಿಲು ಹಾಕಿಕೊಂಡ ಕೋಣೆ. ರೈತ ಬಜಾರಿನಲ್ಲಿ ಬದನೆಕಾಯಿ ಮಾರುವವನ ಎದುರೇ ಅವನ ತಕ್ಕಡಿಯ ಬಗ್ಗೆ, ಮೀಸೆಯ ಬಗ್ಗೆ ಮಾತಾಡುತ್ತೇವೆ. ತುಂಬಿದ ಬಸ್ಸಿನಲ್ಲಿ ಅತ್ತೆಯ ಮೇಲಿನ ದೂರು ಹೇಳಿಕೊಳ್ಳುತ್ತೇವೆ. ನಮ್ಮ ಮಕ್ಕಳೇ ಕನ್ನಡದಲ್ಲಿ ಕೇಳಿದ್ದಕ್ಕೆ ತೆಲುಗಿನಲ್ಲಿ ಉತ್ತರಿಸುವ ಊರು ಇದು, ಇಲ್ಲಿ ನಮ್ಮ ಮಾತು ಇನ್ಯಾರಿಗೆ ತಿಳಿಯಬೇಕು ಎಂಬ ಧೈರ್ಯ. ಸುತ್ತ ಜನರಿದ್ದರೂ ಸ್ವರ ತಗ್ಗಿಸುವ ಅಭ್ಯಾಸವೇ ನಮಗೆ ತಪ್ಪಿಹೋಗಿದೆ.

ಆ ಮನೆಯಲ್ಲಿ ಶೂಟಿಂಗಿನ ಕೊನೆಯ ದಿನ ಒಂದು ಮುಖ್ಯ ದೃಶ್ಯವಿತ್ತು. ವಿಧವೆ ಪಕ್ಕದಲ್ಲಿ ಕೂತಿದ್ದಾಳೆ, ಮನೆಯೊಡತಿ ರೊಟ್ಟಿ ಬಡಿಯುತ್ತ, "ಸುದ್ದಿ ತಂದವರು ಯಾರು?" ಎಂದು ಕೇಳಬೇಕು. ಅಷ್ಟೇ ಮಾತು. ಮೊದಲೆರಡು ಟೇಕು ಚೆನ್ನಾಗಿ ಬಂದವು. ಮೂರನೆಯದರಲ್ಲಿ ಆ ಮಾತು ಹೇಳುವಾಗ ಅಕ್ಕನ ಕೈ ನಡುಗಿ ರೊಟ್ಟಿ ಹರಿಯಿತು. ನಾನು ಹಾಳೆಯಲ್ಲಿ "ರೊಟ್ಟಿ ಹರಿದಿದೆ, ಬೇರೆ ಹಿಟ್ಟು ಬೇಕು" ಎಂದು ಬರೆದೆ. ನಿರ್ದೇಶಕಿ ಹಿಟ್ಟನ್ನು ನೋಡಲಿಲ್ಲ, ಅಕ್ಕನ ಕೈಯನ್ನೇ ನೋಡುತ್ತಿದ್ದರು. ನಾಲ್ಕನೆಯ ಟೇಕ್ ಮುಗಿಯಿತು, ಮುಷ್ಟಿ ಮುಚ್ಚಿತು. ಕ್ಯಾಮೆರಾಮನ್ ಕ್ಯಾಮೆರಾವನ್ನು ಸ್ಟ್ಯಾಂಡಿನ ಮೇಲೆಯೇ ಬಿಟ್ಟು ಹೋಗಿ ಗೋಡೆಗೆ ಒರಗಿ ನಿಂತ.

"ಇನ್ನು ಧ್ವನಿ ಮಾತ್ರ. ಸ್ವಲ್ಪ ಹೊತ್ತಿನಲ್ಲಿ ರೂಮ್ ಟೋನ್ ತೆಗೆದುಕೊಳ್ಳೋಣ," ಎಂದರು ನಿರ್ದೇಶಕಿ. ರೂಮ್ ಟೋನ್ ಎಂದರೆ ಕೋಣೆಯ ಮೌನ. ಒಂದೊಂದು ಕೋಣೆಯ ಮೌನ ಒಂದೊಂದು ಬಗೆ, ಸಂಕಲನದಲ್ಲಿ ಮಾತುಗಳ ನಡುವಿನ ಬಿರುಕು ಮುಚ್ಚಲು ಅದು ಬೇಕು. ಅದಕ್ಕಾಗಿ ಎಲ್ಲರೂ ಇದ್ದಲ್ಲೇ ಉಸಿರು ಬಿಗಿಹಿಡಿದು ನಿಲ್ಲಬೇಕು. ನಿರ್ದೇಶಕಿ ನನ್ನತ್ತ ತಿರುಗಿ, "ಅಲ್ಲಿಯವರೆಗೆ ಆಕೆಯ ಪಕ್ಕ ಕೂತು ಮಾತಾಡಿಸು, ದಣಿದಿದ್ದಾಳೆ," ಎಂದರು. ಎಷ್ಟು ಕಾಳಜಿ ಎಂದುಕೊಂಡು ಹೋಗಿ ಕೂತೆ. ಅಕ್ಕನ ಎದೆಯ ಮೇಲಿನ ಮೈಕು ಹಾಗೇ ಇತ್ತು.

"ಯಾಕ ಅಕ್ಕಾರ, ಕೈ ನಡುಗಿತು?"

ಅಕ್ಕ ಹಿಟ್ಟಿನ ಕೈ ಉಜ್ಜಿಕೊಳ್ಳುತ್ತ ಕೂತರು. ಆಮೇಲೆ ಹೇಳಿದರು.

"ಅವತ್ತ ನಮ್ಮವರಿಗೆ ಜ್ವರ ಇರಲಿಲ್ಲ ತಂಗಿ. ಜ್ವರ ಅಂತ ಸುಳ್ಳು ಹೇಳಿ ಡ್ಯೂಟಿ ಬದಲಿ ಮಾಡಿಕೊಂಡಿದ್ರು. ಈ ಬಾಜೂದಾಕಿ ಗಂಡ ಇವರ ಪಾಳಿಗೆ ಹೊಂಟಾಗನ ಆ ಲಾರಿ ಬಡೀತು. ಅವಾಗ ನಾವೆಲ್ಲಿದ್ವಿ ಗೊತ್ತೇನ? ಮ್ಯಾಟಿನಿ ನೋಡಾಕತ್ತಿದ್ವಿ. ನಾನ ಹಟಾ ಮಾಡಿ ಕರಕೊಂಡು ಹೋಗಿದ್ದೆ. ಸಿನಿಮಾ ಬಿಟ್ಟು ಹೊರಗ ಬಂದ್ರ ಸುದ್ದಿ ಬಂತು. ಆಕಿ ಇವತ್ತಿಗೂ, ಅಣ್ಣಯ್ಯಗ ಅವತ್ತ ಜ್ವರ ಇತ್ತು ಪಾಪ, ಅಂತಾಳ. ದಿನಾ ಮೊಸರು ತಂದು ಕೊಡ್ತಾಳ. ನಾ ಉಣ್ತೀನಿ."

ಅಕ್ಕನ ಕೈ ಹಿಡಿಯಲು ಹೋದೆ.

"ಏನೂ ಅನಬ್ಯಾಡ. ಕೇಳಿದಿ, ಸಾಕು," ಎಂದರು.

ಅಷ್ಟರಲ್ಲಿ "ರೂಮ್ ಟೋನ್" ಎಂದು ಧ್ವನಿಗ್ರಾಹಕ ಕೂಗಿದ. ಎಲ್ಲರೂ ಸ್ತಬ್ಧ. ಅಕ್ಕ ತಣ್ಣಗಾದ ತವೆಯನ್ನು ನೋಡುತ್ತ ಕೂತರು. ನಾನು ಅವರತ್ತ ನೋಡಲಾರದೆ ನೆಲ ನೋಡುತ್ತಿದ್ದೆ. ಆ ಮೌನದಲ್ಲಿ ಅವರ ಮುಖಕ್ಕೆ ಏನಾಯಿತು ಎಂಬುದನ್ನು ನಾನು ಕಂಡದ್ದು ವಿಜಯವಾಡದಲ್ಲಿ.

ಮುಂದಿನ ಭಾಗದ ಶೂಟಿಂಗ್ ಆ ಕಡೆಗಿತ್ತು. ಕೊಂಡಪಲ್ಲಿಯ ಗೊಂಬೆ ಮಾಡುವವರ ಬೀದಿಯಲ್ಲಿ ವಿಧವೆ ಅಲೆಯುವ ದೃಶ್ಯ. ಹಿನ್ನೆಲೆಯಲ್ಲಿ ಇಬ್ರಾಹಿಂಪಟ್ನಂನ ವಿದ್ಯುತ್ ಸ್ಥಾವರದ ಚಿಮಣಿಗಳು. ಬೆಳಿಗ್ಗೆ ತೆಗೆದ ಶಾಟಿನಲ್ಲಿ ಹೊಗೆ ಎಡಕ್ಕೆ, ಮಧ್ಯಾಹ್ನದ್ದರಲ್ಲಿ ಬಲಕ್ಕೆ. ಒಂದೇ ನಡಿಗೆಯ ಎರಡು ತುಂಡುಗಳಲ್ಲಿ ಗಾಳಿ ತಿರುಗಿದರೆ ನೋಡುವವರಿಗೆ ಕಸಿವಿಸಿಯಾಗುತ್ತದೆ ಎಂದು ನಾನೇ ಹಟ ಹಿಡಿದು ಮತ್ತೆ ಮಾಡಿಸಿದೆ. ಹೊಗೆಯ ದಿಕ್ಕನ್ನೂ ಬಿಡದವಳು ಎಂದು ನಿರ್ದೇಶಕಿ ಬೆನ್ನು ತಟ್ಟಿದರು. ನಾನು ಹಿಗ್ಗಿ ಹೀರೇಕಾಯಿಯಾದೆ. ಈಗ ನೆನೆದರೆ ಮೈ ಉರಿಯುತ್ತದೆ.

ವಿಜಯವಾಡದ ಭವಾನಿಪುರಂನಲ್ಲಿ ಒಂದು ಬಾಡಿಗೆ ಮನೆಯ ಮಾಳಿಗೆಯಲ್ಲಿ ಸಂಕಲನ ನಡೆಯುತ್ತಿತ್ತು. ಸಂಕಲನಕಾರ ಅದೇ ಊರಿನವನು. ಅವನ ಪಕ್ಕ ಕೂತು ಒಂದೊಂದೇ ಕ್ಲಿಪ್ ನೋಡಿ ಕನ್ನಡದ ಮಾತುಗಳಿಗೆ ಇಂಗ್ಲಿಷ್ ಅರ್ಥ ಬರೆಯುವುದು ನನ್ನ ಕೆಲಸ. ನಾಲ್ಕನೆಯ ಟೇಕ್ ಬಂತು. ಅಕ್ಕ ಮಾತು ಮುಗಿಸಿದರು, ತಲೆಕೆಳಗು ಕ್ಲ್ಯಾಪ್ ಬಡಿಯಿತು. ನಾನು ಮುಂದಿನ ಕ್ಲಿಪ್ಪಿಗೆ ಕಾಯುತ್ತಿದ್ದೆ. ಅದು ಬರಲಿಲ್ಲ. ಅದೇ ಕ್ಲಿಪ್ ಓಡುತ್ತಲೇ ಇತ್ತು. ಪರದೆಯ ಅಂಚಿನಲ್ಲಿ ನನ್ನದೇ ಹೆಗಲು ಬಂದು ಕೂತಿತು. "ಯಾಕ ಅಕ್ಕಾರ, ಕೈ ನಡುಗಿತು?" ಎಂದಿತು ನನ್ನದೇ ಧ್ವನಿ.

"ಮೇಡಂ, ಇಲ್ಲಿ ಏಮಂಟುನ್ನಾರು?" ಎಂದ ಸಂಕಲನಕಾರ, ಏನು ಹೇಳುತ್ತಿದ್ದಾರೆ ಎಂದು. "ಸಿನಿಮಾಗೆ ಇದೇ ಪ್ರಾಣ ಅಂದಿದ್ದಾರೆ ಡೈರೆಕ್ಟರ್‌ಗಾರು. ಮಾತು ಅರ್ಥ ಆಗದಿದ್ದರೂ ನಾನು ನಾಲ್ಕು ಸಲ ನೋಡಿದೆ." ಪಾಪ, ಅವನಿಗೆ ಏನೂ ಗೊತ್ತಿರಲಿಲ್ಲ.

ನಾನು ಪೂರ್ತಿ ನೋಡಿದೆ. ಮಾತಿನ ನಂತರದ ಮೌನದಲ್ಲಿ ಅಕ್ಕನ ಮುಖ ಮೆಲ್ಲಗೆ ಕುಸಿಯುತ್ತದೆ. ಕೆನ್ನೆ, ತುಟಿ, ಗದ್ದ ಎಲ್ಲ ತಮ್ಮ ಜಾಗ ಬಿಟ್ಟುಕೊಡುತ್ತವೆ. ಅಳು ಬರುವುದಿಲ್ಲ. ಅದನ್ನು ನೋಡುವ ಹಕ್ಕು ಅವರ ಗಂಡನಿಗಾದರೂ ಇತ್ತೋ ಇಲ್ಲವೋ. ಅಕ್ಕನ ಹಿಂದೆ ಹಲಗೆಯ ಮೇಲೆ ಪಕ್ಕದ ಮನೆಯ ಬೋಗುಣಿ ಇತ್ತು, ತೊಳೆದು ಬೋರಲು ಹಾಕಿದ್ದು. ಕಂಟಿನ್ಯೂಟಿ ಬರೆಯುವವಳ ಕಣ್ಣು, ಅಲ್ಲಿಗೂ ಹೋಯಿತು. ಹೊಳೆಯುವ ಸ್ಟೀಲಿನಲ್ಲಿ ಇಡೀ ಕೋಣೆ ಸಣ್ಣದಾಗಿ ಬಾಗಿ ಕಾಣುತ್ತಿತ್ತು. ಕಿಟಕಿ, ಗೋಡೆಗೆ ಒರಗಿದ ಕ್ಯಾಮೆರಾಮನ್, ಅವನ ಪಕ್ಕ ಉದ್ದನೆಯ ಹೆಂಗಸು. ಆಕೆಯ ಬಲಗೈ ಮೇಲಿತ್ತು. ಮುಷ್ಟಿ ಮುಚ್ಚಿತ್ತು.

ಕ್ಯಾಮೆರಾದ ಕೆಂಪು ದೀಪಕ್ಕೆ ಮೊದಲ ದಿನದಿಂದಲೇ ಕಪ್ಪು ಟೇಪ್ ಅಂಟಿಸಿದ್ದರು. ಸ್ಟೀಲ್ ಪಾತ್ರೆಗಳಲ್ಲಿ ಕೆಂಪು ಹೊಳೆಯುತ್ತದೆ ಎಂದು ಕಾರಣ ಹೇಳಿದ್ದರು, ಎಷ್ಟು ಮುಂದಾಲೋಚನೆ ಎಂದು ನಾನು ಮೆಚ್ಚಿದ್ದೆ. ಇನ್ನು ಮುಂದೆ ಆ ಹೆಂಗಸನ್ನು "ಅವರು, ಇವರು" ಎನ್ನಲು ನನಗೆ ಮನಸ್ಸಿಲ್ಲ.

ಸಂಕಲನಕಾರ ಕೈಕಟ್ಟಿ ಕಾಯುತ್ತಿದ್ದ. ಆ ಮಾಳಿಗೆಯಲ್ಲಿ ಕನ್ನಡ ಬಲ್ಲವಳು ನಾನೊಬ್ಬಳೇ. "ಹಿಟ್ಟು ಒಣಗಿದೆ, ನೀರು ಕಡಿಮೆಯಾಯಿತು" ಎಂದು ಬರೆದೆ. ಅದನ್ನು ಅಕ್ಕನ ಮುಖದ ಕೆಳಗೆ ಇಟ್ಟು ನೋಡಿದೆವು. ಆ ಮುಖಕ್ಕೆ ಆ ಮಾತು ಹೊಂದಲಿಲ್ಲ ಎಂಬುದು ಹೋಗಲಿ, ಧ್ವನಿ ಹೇಗೆ ಅಡಗಿಸುವುದು? ಚಿತ್ರ ವೈಜಾಗಿಗೂ ಬರುತ್ತದೆ, ಫೋನಿನಲ್ಲಿ ಬರುತ್ತದೆ. ಟೌನ್‌ಶಿಪ್ಪಿನಲ್ಲಿ ಬೇರೆ ಕನ್ನಡದ ಮನೆಗಳೂ ಇವೆ, ಪಕ್ಕದಾಕೆಗೆ ತಲುಪಲು ಎಷ್ಟು ಹೊತ್ತು? ಬರೆದ ಸಾಲನ್ನು ಅಳಿಸಿದೆ. ಖಾಲಿ ಬಿಟ್ಟು ಎದ್ದೆ.

ನಿರ್ದೇಶಕಿ ಸಂಜೆ ಕೃಷ್ಣಾ ನದಿಯ ದಂಡೆಯಲ್ಲಿ ನಡೆಯಲು ಹೋಗುತ್ತಿದ್ದಳು. ಸ್ನಾನಘಟ್ಟದ ಮೆಟ್ಟಿಲ ಮೇಲೆ ಸಿಕ್ಕಳು. ನಾನು ನೇರವಾಗಿ ಕೇಳಿದೆ.

"ಮುಷ್ಟಿ ಮುಚ್ಚಿತ್ತು. ಕ್ಯಾಮೆರಾ ಯಾಕೆ ಓಡುತ್ತಿತ್ತು?"

ಆಕೆ ಮರೆಮಾಚಲಿಲ್ಲ. ಅದು ನನ್ನನ್ನು ಇನ್ನಷ್ಟು ಕೆರಳಿಸಿತು. "ಆಕೆಯ ಕೈ ನಡುಗಿದಾಗಲೇ ಗೊತ್ತಾಯಿತು, ಒಳಗೆ ಏನೋ ಇದೆ ಎಂದು. ನಾನು ನಟಿ, ನನಗೆ ಅದು ಗೊತ್ತಾಗುತ್ತದೆ," ಎಂದಳು.

"ನಿಮ್ಮ ಅಪ್ಪ ಸತ್ತ ದಿನದ ಕಥೆ ಹೇಳಿ ಅವರನ್ನು ಒಪ್ಪಿಸಿದಿರಿ. ನಿಮಗೆ ಮಾಡಿದ್ದನ್ನೇ ಅವರಿಗೆ ಮಾಡಿದಿರಿ."

ಆಕೆ ನೀರು ನೋಡುತ್ತ ನಿಂತಳು. "ಕಳೆದ ಸಲ ನನ್ನ ಸನ್ಮಾನದಲ್ಲಿ ಆ ತುಣುಕು ಹಾಕಿದಾಗ ನಾನು ಹೊರಗೆ ಹೋಗಲಿಲ್ಲ. ಮೊದಲ ಸಲ ಕೂತು ನೋಡಿದೆ. ನಟಿಯಾಗಿ ಅಲ್ಲ, ನಿರ್ದೇಶಕಿಯಾಗಿ. ಒಳ್ಳೆಯ ಶಾಟು. ಆ ನಿರ್ದೇಶಕನ ಜಾಗದಲ್ಲಿ ನಾನಿದ್ದರೂ ನಿಲ್ಲಿಸುತ್ತಿರಲಿಲ್ಲ ಎನ್ನಿಸಿತು."

"ಹಾಗಾದರೆ ಮೊದಲ ದಿನ ಆ ಮುಷ್ಟಿ ಯಾಕೆ?"

"ಅಂದು ನಾನು ಅದನ್ನು ನಂಬಿದ್ದೆ," ಎಂದಳು. ಆಮೇಲೆ ನನ್ನ ತೋಳು ಮುಟ್ಟಿ, ಚೆನ್ನಾಗಿ ಯೋಚಿಸುತ್ತೇನೆ, ಬೇಡವೆನಿಸಿದರೆ ತೆಗೆದುಬಿಡುತ್ತೇನೆ, ಇದು ನನ್ನ ಮಾತು ಎಂದು ಅದೇ ಬಲಗೈ ಎತ್ತಿದಳು. ಅದು ಮುಚ್ಚುವ ಮೊದಲೇ ನಾನು ಮೆಟ್ಟಿಲು ಹತ್ತಿ ಬಂದೆ.

ಆ ಶಾಟಿನ ಗತಿಯನ್ನು ಇಲ್ಲೇ ಹೇಳಿ ಮುಗಿಸುತ್ತೇನೆ. ನಾನು ಕೆಲಸ ಬಿಟ್ಟೆ, ಬೇರೆ ಯಾರೋ ಅರ್ಥ ಬರೆದುಕೊಟ್ಟರು. ತಿಂಗಳುಗಳ ನಂತರ ಟ್ರೇಲರ್ ಬಂತು. ಅಕ್ಕನ ಮುಖ ಅದರ ಕೊನೆಯ ಚಿತ್ರ. ನಾನು ಬೋಗುಣಿ ಹುಡುಕಿದೆ. ಶಾಟನ್ನು ಹಿಗ್ಗಿಸಿ ಅಂಚು ಕತ್ತರಿಸಿದ್ದರು, ಪರದೆಯ ತುಂಬ ಮುಖ ಮಾತ್ರ. ಬೋಗುಣಿಯೂ ಇರಲಿಲ್ಲ, ಅದರೊಳಗಿನ ಮುಷ್ಟಿಯೂ ಇರಲಿಲ್ಲ. ಕಂಟಿನ್ಯೂಟಿ ಆಕೆಗೂ ಚೆನ್ನಾಗಿ ಗೊತ್ತಿತ್ತು.

ನದಿಯ ದಂಡೆಯಿಂದ ಬಂದ ಆ ಸಂಜೆ ಮಾತ್ರ ಇದು ಯಾವುದೂ ನನಗೆ ಗೊತ್ತಿರಲಿಲ್ಲ. ಆಕೆಯ ಮಾತು ನಂಬಿ ಬಾಯಿ ಮುಚ್ಚಿಕೊಂಡಿರಬಹುದಿತ್ತು. ಶಾಟು ತೆಗೆದರೆ ಅಕ್ಕನಿಗೆ ಏನೂ ತಿಳಿಯದೆಯೇ ಎಲ್ಲ ಮುಗಿಯುತ್ತಿತ್ತು. ಆ ಆಸೆ ಬಹಳ ಹೊತ್ತು ಕಾಡಿತು. ಆದರೆ ಆ ಮುಷ್ಟಿಯನ್ನು ಒಮ್ಮೆ ನಂಬಿಯಾಗಿತ್ತು. ಬೆಳಗಿನ ಎಕ್ಸ್‌ಪ್ರೆಸ್ ಹತ್ತಿ ವೈಜಾಗಿಗೆ ಬಂದವಳು ನೇರ ಅಕ್ಕನ ಮನೆಗೆ ಹೋದೆ. ಅಕ್ಕನ ಗಂಡ ಡ್ಯೂಟಿಗೆ ಹೋಗಿದ್ದರು. ಅಕ್ಕ ಅಕ್ಕಿ ಆರಿಸುತ್ತಿದ್ದರು. ನಾನು ಯಾವುದನ್ನೂ ಮುಚ್ಚಿಡದೆ ಹೇಳಿದೆ.

ಅಕ್ಕ ಮೊರ ಕೆಳಗಿಟ್ಟರು. ಸಿಟ್ಟು ಬರುತ್ತದೆ ಎಂದುಕೊಂಡಿದ್ದೆ. ಅದು ಬಂತು, ಆದರೆ ನಾನು ಎಣಿಸಿದ ಕಡೆಗಲ್ಲ.

"ಆಕಿ ಏನಂದ್ಲೋ ನನಗೇನ್ ಗೊತ್ತು ತಂಗಿ. ಆಕಿ ಭಾಷಾ ನನಗ ಬರಂಗಿಲ್ಲ. ಮುಷ್ಟಿ ಮುಚ್ಚಿದ್ರ ಕ್ಯಾಮೆರಾ ಮುಚ್ಚಿದಂಗ ಅಂತ ನನಗ ಹೇಳಿದಾಕಿ ನೀನು."

ನನಗೂ ಮೋಸವಾಗಿದೆ ಎನ್ನಬೇಕೆಂದು ಬಾಯಿಗೆ ಬಂತು, ಹೇಳಲಾಗಲಿಲ್ಲ. ನನ್ನ ನಾಲಿಗೆಯನ್ನೇ ತೆಗೆದುಕೊಂಡು ಹೋಗಿ ಅಕ್ಕನಿಗೆ ಮೋಸ ಮಾಡಿದ್ದಳು ಆ ಹೆಂಗಸು. ಅದರ ಉರಿ ಇಂದಿಗೂ ಆರಿಲ್ಲ.

ಅಕ್ಕ ಎದ್ದು ಮುಖ ತೊಳೆದುಕೊಂಡು ಬಂದರು. "ಸಿನಿಮಾ ಹೇಳೂ ಮೊದಲ ನಾ ಹೇಳಬೇಕು ಆಕಿಗೆ. ಇವರಿಗೆ ಆಮ್ಯಾಲ ಹೇಳ್ತೀನಿ. ನೀ ಇಲ್ಲೇ ಇರು. ನನ್ನ ತೆಲುಗು ಪ್ಯಾಟಿ ತೆಲುಗು, ಇದಕ್ಕ ಸಾಲಂಗಿಲ್ಲ. ನಾ ಹೇಳಿದಂಗ ನೀ ತೆಲುಗಿನ್ಯಾಗ ಹೇಳು. ಒಂದಕ್ಷರ ಮೆತ್ತಗ ಮಾಡಬ್ಯಾಡ."

ಸಂಜೆ ಪಕ್ಕದಾಕೆ ಎಂದಿನಂತೆ ಮೊಸರಿನ ಬೋಗುಣಿ ಹಿಡಿದು ಬಂದರು. ಅಕ್ಕ ಮೊಸರನ್ನು ಬೇರೆ ಪಾತ್ರೆಗೆ ಸುರಿದು, ಬೋಗುಣಿ ತೊಳೆದು ಕಟ್ಟೆಯ ಮೇಲಿಟ್ಟು, ಆಕೆಯನ್ನು ಕೂರಿಸಿದರು. ತಾವು ಎದುರು ಕೂತರು, ನಾನು ನಡುವೆ. ಅಕ್ಕ ಕನ್ನಡದಲ್ಲೇ ಹೇಳಿದರು. ಜ್ವರ ಇರಲಿಲ್ಲ ಎಂಬುದು, ಬದಲಿ ಪಾಳಿ, ಮ್ಯಾಟಿನಿ, ತಾವೇ ಹಟ ಮಾಡಿದ್ದು. ನಾನು ತಲೆಯಲ್ಲಿ ತೆಲುಗು ಜೋಡಿಸಿಕೊಳ್ಳುತ್ತಿದ್ದೆ. ಬಾಯಿ ತೆರೆಯಬೇಕು, ಅಷ್ಟರಲ್ಲಿ ಪಕ್ಕದಾಕೆ ನನ್ನತ್ತ ಕೈ ಅಡ್ಡ ಹಿಡಿದರು.

"ವದ್ದು," ಎಂದರು, ಬೇಡ ಎಂದು. ಆಮೇಲೆ ಅಕ್ಕನ ಕಡೆ ತಿರುಗಿ, ತಡೆದು ತಡೆದು ಕನ್ನಡದಲ್ಲಿ ಹೇಳಿದರು. "ನನಗೆ ತಿಳೀತು ವದಿನಾ. ಆ ದಿನವೇ ತಿಳೀತು. ಕುಕ್ಕರ್ ಇಡಬೇಡಿ ಅಂದ್ರಲ್ಲ, ಸಪ್ಪಳ ಇಲ್ಲದೆ ಆ ಕಡೆ ಕೂತಿದ್ದೆ. ಗೋಡೆ ಒಂದೇ ಅಲ್ಲಾ. ಎಲ್ಲ ಕೇಳಿಸ್ತು."

ಅಕ್ಕ ಎರಡೂ ಕೈ ನೆಲಕ್ಕೂರಿ ಮುಂದೆ ಬಾಗಿದರು. "ನಿನಗ ಕನ್ನಡ ಬರ್ತದೇನ?"

"ಇಷ್ಟು ವರ್ಷ ಪಕ್ಕದಲ್ಲಿ ಇದ್ದೀನಿ. ಬರದೆ ಏನು."

"ಮತ್ತ ಒಂದು ದಿನಾನೂ ಮಾತಾಡಲಿಲ್ಲ?"

"ನೀವು ನನ್ನ ಹತ್ರ ಒಂದು ದಿನ ಆದ್ರೂ ಕನ್ನಡದಲ್ಲಿ ಮಾತಾಡಿದ್ರಾ ವದಿನಾ?"

ಪಕ್ಕದಾಕೆಯ ಧ್ವನಿ ಏರಲಿಲ್ಲ. "ಮರುದಿನವೂ ಮೊಸರು ತಂದೆ. ಈವೊತ್ತು ಹೇಳ್ತಾರೆ, ನಾಳೆ ಹೇಳ್ತಾರೆ ಅಂತ ಕಾದೆ. ನನ್ನ ಗಂಡನ ಮಾತು ಅದು. ಈ ಅಮ್ಮಾಯಿಗೆ ಹೇಳಿದ್ರಿ, ನನಗೆ ಹೇಳಲಿಲ್ಲ."

"ನಿನ್ನ ಕಳಕೋತೀನಿ ಅಂತ ಅಂಜಿಕಿ ಆತವಾ," ಎಂದರು ಅಕ್ಕ.

"ಈವೊತ್ತು ಯಾಕೆ ಹೇಳಿದ್ರಿ?"

ಪಕ್ಕದಾಕೆ ನನ್ನ ಮುಖ ನೋಡಿದರು. ನಾನು ವಿಜಯವಾಡದಿಂದ ತಂದಿದ್ದ ಚೀಲ ಇನ್ನೂ ನನ್ನ ಕಾಲ ಬಳಿಯೇ ಇತ್ತು.

"ಸಿನಿಮಾ ಬರ್ತದೆ ಅಂತ," ಎಂದು ಅವರೇ ಉತ್ತರ ಹೇಳಿಕೊಂಡು ಎದ್ದರು.

ಅಕ್ಕ ಗಡಬಡಿಸಿ ಬೆಲ್ಲದ ಡಬ್ಬಿಗೆ ಕೈ ಹಾಕಿದರು. ಮುಚ್ಚಳ ಬಿಗಿಯಾಗಿತ್ತು, ಬೇಗ ಬರಲಿಲ್ಲ. ಪಕ್ಕದಾಕೆ ಕಟ್ಟೆಯ ಮೇಲಿನ ಬೋಗುಣಿ ಎತ್ತಿಕೊಂಡು, ಅದರಲ್ಲಿದ್ದ ನೀರಿನ ಹನಿಯನ್ನು ಸೆರಗಿನಿಂದ ಒರೆಸಿ, ಚಪ್ಪಲಿ ಮೆಟ್ಟಿ ಹೊರಟರು. ಅಕ್ಕ ಬೆಲ್ಲದ ಹೆಂಟೆ ಹಿಡಿದು ಬಾಗಿಲಿಗೆ ಬರುವಷ್ಟರಲ್ಲಿ ಅವರು ತಮ್ಮ ಮೆಟ್ಟಿಲು ಹತ್ತಿದ್ದರು. ಬೋಗುಣಿ ಖಾಲಿಯೇ ಹೋಯಿತು.